ಕುರ್ಚಿಯಿಂದ ಇನ್ನೂರು ಮೀಟರ್

ನಮ್ಮ ಮನೆಯಲ್ಲಿ ಏಣಿ ಹತ್ತುವ ಅಧಿಕಾರ ನನಗಿಲ್ಲ. ಟ್ಯೂಬ್‌ಲೈಟ್ ಬದಲಿಸುವುದು, ಅಟ್ಟದಿಂದ ಹಂಡೆ ಇಳಿಸುವುದು, ಫ್ಯಾನಿನ ರೆಕ್ಕೆ ಒರೆಸುವುದು ಎಲ್ಲ ನನ್ನ ಹೆಂಡತಿಯ ಇಲಾಖೆ. ನಾನು ಕೆಳಗೆ ನಿಂತು ಏಣಿ ಹಿಡಿದುಕೊಳ್ಳುತ್ತೇನೆ, ಅದೂ ಮೇಲೆ ನೋಡದೆ. ಮೂರನೇ ಮೆಟ್ಟಿಲಿನಾಚೆ ನನ್ನ ಮಂಡಿ ನನ್ನ ಮಾತು ಕೇಳುವುದಿಲ್ಲ. ಇಂಥ ನಾನು ರಾತ್ರಿ ಊಟವಾದ ಮೇಲೆ, ಮನೆಮಂದಿ ಸೀರಿಯಲ್ಲಿನ ಮುಂದೆ ಕೂತಿರುವ ಹೊತ್ತಿನಲ್ಲಿ, ಗಂಟೆಗೆ ನೂರು ಕಿಲೋಮೀಟರ್ ವೇಗದಲ್ಲಿ ಹಿಮದ ಜಾರುಹಾದಿ ಇಳಿದು, ಅದರ ಅಂಚಿನಿಂದ ಚಿಮ್ಮಿ, ಇನ್ನೂರು ಮೀಟರ್ ಗಾಳಿಯಲ್ಲೇ ಮಲಗಿಕೊಂಡು ಹೋಗಿ ನೆಲ ಮುಟ್ಟುತ್ತೇನೆ. ಕೆಲವು ಸಲ ಕಾಲಿನ ಮೇಲೆ, ಕೆಲವು ಸಲ ಮೂತಿಯ ಮೇಲೆ.

ಆಟದ ಹೆಸರು ಡಿಲಕ್ಸ್ ಸ್ಕೀ ಜಂಪ್. ಫಿನ್ಲೆಂಡಿನ ಯುಸ್ಸಿ ಕೋಸ್ಕೆಲ ಎಂಬ ಪ್ರೋಗ್ರಾಮರ್ ಬರೆದದ್ದು. ಹೊಸ ಶತಮಾನದ ಹೊಸ್ತಿಲಲ್ಲಿ ಅದರ ಎರಡನೆಯ ಆವೃತ್ತಿ ಊರೂರು ಸುತ್ತಿತು. ಮೂರನೆಯದು 2004ರಲ್ಲಿ, ನಾಲ್ಕನೆಯದು 2011ರಲ್ಲಿ ಬಂತು. ಫಿನ್ಲೆಂಡಿನವರಿಗೆ ಸ್ಕೀ ಜಂಪಿಂಗ್ ಹೊಸದೇನಲ್ಲ. 1988ರ ಕ್ಯಾಲ್ಗರಿ ಚಳಿಗಾಲದ ಒಲಿಂಪಿಕ್ಸಿನಲ್ಲಿ ಈ ಕ್ರೀಡೆಗಿದ್ದ ಮೂರು ಚಿನ್ನದ ಪದಕಗಳೂ ಅವರ ಮಟ್ಟಿ ನೈಕಾನೆನ್ ಕೊರಳಿಗೆ ಬಿದ್ದಿದ್ದವು. ಆದರೆ ಕಂಪ್ಯೂಟರಿನ ಆಟಕ್ಕೆ ಪೋಲೆಂಡಿನ ಹುಡುಗರೂ ಅಷ್ಟೇ ಮನಸೋತರು. ಅವರ ಆಡಮ್ ಮಾಲಿಶ್ 2001ರಿಂದ 2003ರವರೆಗೆ ಸತತ ಮೂರು ಸಲ ವಿಶ್ವಕಪ್ ಗೆದ್ದ ಕಾಲ ಅದು. ಟಿವಿಯಲ್ಲಿ ಮಾಲಿಶ್ ಜಿಗಿದು ಮುಗಿಸಿದ ಮೇಲೆ ಅಲ್ಲಿನ ಹುಡುಗರು ಕಂಪ್ಯೂಟರ್ ಹಚ್ಚಿ ತಾವೂ ಜಿಗಿಯುತ್ತಿದ್ದರು.

ನಮ್ಮ ಆಫೀಸಿಗೆ ಅದು ಹೇಗೆ ಬಂತೋ ತಿಳಿಯದು. ಲೆಕ್ಕಪತ್ರದ ಕಂಪ್ಯೂಟರಿನಲ್ಲಿ ‘ಹಳೆಯ ವೋಚರ್’ ಎಂಬ ಫೋಲ್ಡರಿನೊಳಗೆ ಯಾರೋ ಪುಣ್ಯಾತ್ಮರು ಅಡಗಿಸಿಟ್ಟಿದ್ದರು. ಹಳೆಯ ವೋಚರ್ ಹುಡುಕಿಕೊಂಡು ಹೋದವನು ನಾನೊಬ್ಬನೇ ಇರಬೇಕು. ತೆರೆದರೆ ಬಿಳಿ ಬೆಟ್ಟ, ನೀಲಿ ಆಕಾಶ, ಮೇಲೆ ಒಂದು ಅಡ್ಡಕಂಬಿಯ ಮೇಲೆ ಕೂತ ಬೆರಳುಗುರಿನಷ್ಟು ಮನುಷ್ಯ. ಈ ಆಟಕ್ಕೆ ಕೀಬೋರ್ಡಿನ ಗೊಡವೆಯಿಲ್ಲ, ಮೌಸ್ ಸಾಕು. ಒಂದು ಒತ್ತಿಗೆ ಅವನು ಕಂಬಿ ಬಿಟ್ಟು ಜಾರುತ್ತಾನೆ, ಇನ್ನೊಂದಕ್ಕೆ ಅಂಚಿನಲ್ಲಿ ಚಿಮ್ಮುತ್ತಾನೆ. ಮೌಸ್ ಸರಿಸಿದಂತೆ ಗಾಳಿಯಲ್ಲಿ ಮೈ ಬಾಗಿಸುತ್ತಾನೆ, ಮತ್ತೊಂದು ಒತ್ತಿಗೆ ಇಳಿಯುತ್ತಾನೆ. ಇಷ್ಟನ್ನು ತಿಳಿಯಲು ಎರಡು ನಿಮಿಷ ಸಾಕು. ತಿಳಿದದ್ದನ್ನು ಕೈಗೆ ತಿಳಿಸುವ ಕೆಲಸ ನನಗಿನ್ನೂ ಮುಗಿದಿಲ್ಲ.

ಅದೇ ಕ್ಯಾಲ್ಗರಿಯಲ್ಲಿ, ನೈಕಾನೆನ್ ಗೆದ್ದ ಅದೇ ಬೆಟ್ಟಗಳಲ್ಲಿ, ಎಡ್ಡಿ ಎಡ್ವರ್ಡ್ಸ್ ಎಂಬ ಇಂಗ್ಲೆಂಡಿನ ಗಾರೆ ಕೆಲಸದವನೊಬ್ಬ ಎರಡು ಸ್ಪರ್ಧೆಗಳಲ್ಲೂ ಕೊನೆಯ ಸ್ಥಾನ ಪಡೆದಿದ್ದ. ಅವನಿಗೆ ದೂರದೃಷ್ಟಿಯ ದೋಷ. ಹಿಮದ ಗಾಗಲ್ಸಿನೊಳಗೆ ದಪ್ಪ ಕನ್ನಡಕ ಹಾಕಿಕೊಂಡೇ ಜಿಗಿಯುತ್ತಿದ್ದ, ಅದು ಮಂಜುಗಟ್ಟಿ ಮುಂದಿನದೇನೂ ಕಾಣುತ್ತಿರಲಿಲ್ಲ. ಲೋಕವೆಲ್ಲ ಅವನನ್ನು ಹಚ್ಚಿಕೊಂಡಿತು. ಶುರುವಿನ ತಿಂಗಳುಗಳಲ್ಲಿ ನನ್ನ ಜಿಗಿತಗಳೂ ಆ ಪರಂಪರೆಗೆ ಸೇರಿದ್ದವು. ಹಚ್ಚಿಕೊಳ್ಳುವವರು ಮಾತ್ರ ಯಾರೂ ಇರಲಿಲ್ಲ.

ಸುಧಾರಣೆ ಶುರುವಾದದ್ದು ಮೌಸಿನ ಹೊಟ್ಟೆಯೊಳಗಿಂದ. ಆಗಿನ ಮೌಸ್ ಎಂದರೆ ಒಳಗೆ ರಬ್ಬರಿನ ಗುಂಡು ಇರುವಂಥದ್ದು. ಬೋರಲು ಹಾಕಿ, ತಳದ ಬಿಲ್ಲೆಯನ್ನು ಹೆಬ್ಬೆರಳಿನಿಂದ ತಿರುಗಿಸಿ, ಗುಂಡನ್ನು ಅಂಗೈಗೆ ಉದುರಿಸಿಕೊಂಡರೆ ಒಳಗೆ ಸಣ್ಣ ಸಣ್ಣ ಉರುಳೆಗಳು ಕಾಣುತ್ತವೆ. ಎಡ-ಬಲದ ಚಲನೆಗೆ ಒಂದು, ಮೇಲೆ-ಕೆಳಗಿನದಕ್ಕೆ ಒಂದು, ಗುಂಡನ್ನು ಒತ್ತಿ ಹಿಡಿಯಲು ಮತ್ತೊಂದು. ಪ್ರತಿ ಉರುಳೆಯ ನಡುವಿಗೂ ಒಂದು ಕಪ್ಪು ಉಂಗುರ ಕಟ್ಟಿಕೊಂಡಿರುತ್ತಿತ್ತು. ಮೇಜಿನ ಧೂಳು, ಅಂಗೈ ಬೆವರು, ಸಂಜೆಯ ಬೋಂಡಾದ ಜಿಡ್ಡು ಎಲ್ಲ ಸೇರಿ ಗಟ್ಟಿಯಾದ ಕಿಟ್ಟ. ಉಗುರಿನಿಂದ ಕೆರೆದರೆ ಉದ್ದಕ್ಕೆ ಎಳೆಯಾಗಿ ಎದ್ದು ಬರುತ್ತಿತ್ತು. ಎಂಬತ್ತನೇ ಮೀಟರಿನ ಹತ್ತಿರ ನನ್ನ ಜಿಗಿತಗಾರ ಇದ್ದಕ್ಕಿದ್ದಂತೆ ಬೆಚ್ಚಿಬಿದ್ದು ತಲೆಯೆತ್ತುತ್ತಿದ್ದುದು ಈ ಮೇಲೆ-ಕೆಳಗಿನ ಉರುಳೆಯ ಕೊಳೆಯಿಂದ. ಅಲ್ಲಿಯವರೆಗೆ ಅವನ ಧೈರ್ಯದ ಬಗ್ಗೆಯೇ ನನಗೆ ಅನುಮಾನವಿತ್ತು.

ಬೆಳಕಿನ ಮೌಸ್ ಬಂದ ಮೇಲೆ ಉರುಳೆಯ ಕಾಟ ತಪ್ಪಿತು, ಮೇಜಿನ ಕಾಟ ಶುರುವಾಯಿತು. ಮನೆಯ ಮೇಜಿಗೆ ಗಾಜಿನ ಹಾಸು. ಗಾಜಿನ ಮೇಲೆ ಆ ಕೆಂಪು ಬೆಳಕಿಗೆ ಹಿಡಿತ ಸಿಗುವುದಿಲ್ಲ, ಬಾಣ ತನಗೆ ತೋಚಿದತ್ತ ಓಡುತ್ತದೆ. ಗೋಡೆ ಕ್ಯಾಲೆಂಡರಿನ ಹಿಂಬದಿಯ ರಟ್ಟು ಹಾಕಿದೆ, ಸರಿಹೋಯಿತು. ಇನ್ನೊಂದು ಗುಟ್ಟು ವಿಂಡೋಸಿನ ಸೆಟ್ಟಿಂಗಿನಲ್ಲಿದೆ. ಕೈ ಬೇಗ ಸರಿದರೆ ಬಾಣ ತನ್ನ ಪಾಲಿಗಿಂತ ಹೆಚ್ಚು ದೂರ ಹೋಗುವಂತೆ ಅಲ್ಲೊಂದು ಟಿಕ್ ಹಾಕಿಟ್ಟಿರುತ್ತಾರೆ. ಕಾಗದಪತ್ರ ಟೈಪು ಮಾಡುವವರಿಗೆ ಅದು ಅನುಕೂಲ. ಗಾಳಿಯಲ್ಲಿ ತೇಲುವವನಿಗೆ ಪ್ರಾಣಕಂಟಕ. ಕೈ ಒಂದು ಅಂಗುಲ ಸರಿದರೆ ಮೈ ಎಷ್ಟು ಬಾಗುತ್ತದೆ ಎನ್ನುವುದು ಇವತ್ತೂ ನಾಳೆಯೂ ಒಂದೇ ಆಗಿರಬೇಕು. ಇಲ್ಲದಿದ್ದರೆ ಅಭ್ಯಾಸ ಅನ್ನುವ ಮಾತಿಗೇ ಅರ್ಥವಿಲ್ಲ. ಆ ಟಿಕ್ ತೆಗೆದ ದಿನದಿಂದ ಹೆಂಡತಿಯ ಎಕ್ಸೆಲ್ ಹಾಳೆಗಳಲ್ಲಿ ಬಾಣ ನಿಧಾನವಾಗಿ ತೆವಳುತ್ತದೆ. ಕಾರಣವನ್ನು ನಾನು ಹೇಳಿಲ್ಲ.

ಇನ್ನು ಚಿಮ್ಮುವ ವಿಚಾರ. ಈ ಆಟದಲ್ಲಿ ಅತ್ಯಂತ ರಸವತ್ತಾದ ಭಾಗ ಇದೇ ಎಂದು ನನ್ನ ಅಭಿಪ್ರಾಯ. ಹೊಸಬರು ಎಲ್ಲರೂ ಮಾಡುವುದು ಒಂದೇ: ಅಂಚು ಕಂಡ ಕೂಡಲೇ ಒತ್ತುವುದು. ಕಂಡದ್ದಕ್ಕೆ ಬೆರಳು ಓಗೊಡಲು ಸುಮಾರು ಸೆಕೆಂಡಿನ ಐದನೇ ಒಂದು ಭಾಗ ಹಿಡಿಯುತ್ತದೆ. ದೊಡ್ಡ ಬೆಟ್ಟದ ಜಾರುಹಾದಿಯ ತುದಿಯಲ್ಲಿ ವೇಗ ಗಂಟೆಗೆ 90 ಕಿಲೋಮೀಟರಿನ ಆಸುಪಾಸು, ಅಂದರೆ ಸೆಕೆಂಡಿಗೆ 25 ಮೀಟರ್. ಐದರಿಂದ ಭಾಗಿಸಿ. ಕಣ್ಣು ‘ಈಗ’ ಎಂದದ್ದು ಬೆರಳಿಗೆ ತಲುಪುವಷ್ಟರಲ್ಲಿ ಮನುಷ್ಯ ಐದು ಮೀಟರ್ ಮುಂದೆ ಹೋಗಿರುತ್ತಾನೆ. ಅಂಚು ನೋಡಿ ಒತ್ತಿದವನು ಒತ್ತುವುದು ಬಯಲಿನಲ್ಲಿ, ಕಾಲಡಿ ಏನೂ ಇಲ್ಲದಾಗ. ಅಲ್ಲಿಂದ ಚಿಮ್ಮಲು ಆಸರೆ ಎಲ್ಲಿದೆ? ಕಲ್ಲು ಬಿದ್ದಂತೆ ಬೀಳುತ್ತಾನೆ.

ನಿಜವಾದ ಜಿಗಿತಗಾರನ ಪಾಡೂ ಬೇರೆಯಲ್ಲ. ಮುದುಡಿ ಕೂತ ಭಂಗಿಯಿಂದ ಕಾಲು ನೀಡಿ ಎದ್ದೇಳಲು ಅವನಿಗೆ ಸುಮಾರು 0.3 ಸೆಕೆಂಡ್ ಬೇಕು, ಅಂದರೆ ಏಳೂವರೆ ಮೀಟರಿನಷ್ಟು ಹಾದಿ. ದೊಡ್ಡ ಬೆಟ್ಟಗಳಲ್ಲಿ ಜಾರುಹಾದಿಯ ಬಾಗು ಮುಗಿದ ಮೇಲೆ ಉಳಿಯುವ ನೇರವಾದ ತುದಿ ಆರೇಳು ಮೀಟರ್ ಅಷ್ಟೆ. ಎಂದರೆ ಬಾಗಿನಿಂದ ಹೊರಬೀಳುವ ಮೊದಲೇ ಅವನು ಏಳಲು ಮನಸ್ಸು ಮಾಡಿರಬೇಕು. ಈ ಲೆಕ್ಕ ಹೊಳೆದ ಮೇಲೆ ನಾನು ಅಂಚನ್ನು ನೋಡುವುದನ್ನೇ ಬಿಟ್ಟೆ. ಬಾಗು ಮುಗಿದು ಹಾದಿ ನೇರವಾಗುವ ಜಾಗದ ಮೇಲೆ ಕಣ್ಣು ನೆಟ್ಟು, ಅಲ್ಲಿಗೆ ಬಂದ ಎಂದಾಗ ಬೆರಳಿಗೆ ಅಪ್ಪಣೆ ಕೊಡುತ್ತೇನೆ. ಉಳಿದದ್ದನ್ನು ನನ್ನ ನರಗಳ ಸೋಮಾರಿತನ ಸರಿಪಡಿಸಿಕೊಳ್ಳುತ್ತದೆ. ಕಂಪ್ಯೂಟರ್ ಬದಲಿಸಿದರೆ ಈ ಗುರುತೂ ಬದಲಾಗಬೇಕು. ಹಳೆಯ ಡಬ್ಬಾ ಮಾನಿಟರಿನಲ್ಲಿ ಚಿತ್ರ ಥಟ್ಟನೆ ಬರುತ್ತಿತ್ತು. ಆಮೇಲೆ ತಂದ ಚಪ್ಪಟೆ ಪರದೆ ಒಂದು ಉಸಿರು ತಡ. ತಂತಿಯಿಲ್ಲದ ಮೌಸ್ ಇನ್ನೊಂದು ಉಸಿರು. ಅಂಗಡಿಯವನ ಹತ್ತಿರ ತಂತಿ ಇರುವ ಮೌಸ್ ಬೇಕೆಂದು ಹಟ ಹಿಡಿದಾಗ ಅವನು ನನ್ನನ್ನು ಹಳೇ ಕಾಲದವನೆಂದುಕೊಂಡ.

ಇನ್ನೊಂದು ವಿಷಯ ಬಹಳ ಜನಕ್ಕೆ ಗೊತ್ತಿಲ್ಲ, ಹೇಳಿದರೆ ನಂಬುವುದೂ ಇಲ್ಲ. ಆ ಜಾರುಹಾದಿಯ ತುದಿ ಮೇಲ್ಮುಖವಾಗಿಲ್ಲ. ಟಿವಿಯಲ್ಲಿ ನೋಡಿದವರಿಗೆ ಅದು ಆಕಾಶಕ್ಕೆ ಎತ್ತಿಕೊಡುವ ಮಣೆಯೆಂದೇ ಅನ್ನಿಸುತ್ತದೆ. ಆದರೆ ಅದು ಹತ್ತು-ಹನ್ನೊಂದು ಡಿಗ್ರಿಯಷ್ಟು ಕೆಳಮುಖ. ಮೇಲಕ್ಕೆ ಹೋಗುವುದೇನಿದ್ದರೂ ಮನುಷ್ಯನ ಸ್ವಂತ ಕಾಲಿನಿಂದ. ಅಷ್ಟಕ್ಕೂ ಅವನು ಇಡೀ ಹಾರಾಟದಲ್ಲಿ ಇಳಿಜಾರಿನಿಂದ ಕೆಲವೇ ಮೀಟರ್ ಎತ್ತರದಲ್ಲಿರುತ್ತಾನೆ. ಅವನು ಬೀಳುತ್ತಿದ್ದಾನೆ, ಬೆಟ್ಟವೂ ಅವನ ಜೊತೆಜೊತೆಗೇ ಕೆಳಗೆ ಸರಿಯುತ್ತಿದೆ. ಇದನ್ನು ಓದಿ ತಿಳಿದ ಮೇಲೆ ನನ್ನ ಆಟ ಸುಧಾರಿಸಿತೋ ಇಲ್ಲವೋ, ಭಯ ಕಡಿಮೆಯಾಯಿತು. ಕಂಪ್ಯೂಟರಿನ ಮುಂದೆಯೂ ಭಯವೇ ಎಂದು ಕೇಳುವವರು ಇದನ್ನು ಆಡಿ ನೋಡಿಲ್ಲ. ದೊಡ್ಡ ಬೆಟ್ಟದ ಅಂಚು ಬರುವಾಗ ನನ್ನ ಎಡಗೈ ಈಗಲೂ ಕುರ್ಚಿಯ ಕೈಯನ್ನು ಹಿಡಿದುಕೊಳ್ಳುತ್ತದೆ.

ಗಾಳಿಗೆ ಬಿದ್ದ ಮೇಲೆ ಕೆಲಸ ಕೋನದ್ದು. ಬಾಣಗುರುತೊಂದು ಗಾಳಿ ಎತ್ತಣಿಂದ ಎಂದು ತೋರಿಸುತ್ತಿರುತ್ತದೆ. ಇಲ್ಲಿ ಬೆನ್ನುಗಾಳಿ ಶತ್ರು, ಎದುರುಗಾಳಿ ಮಿತ್ರ. ಮಳೆಗಾಲದಲ್ಲಿ ಮಲೆನಾಡಿನ ರಸ್ತೆಯಲ್ಲಿ ಕೊಡೆ ಹಿಡಿದು ಗಾಳಿಗೆದುರಾಗಿ ನಡೆದವರಿಗೆ ಇದರ ಮರ್ಮ ಬೇಗ ತಿಳಿಯುತ್ತದೆ. ಕೊಡೆಯನ್ನು ನೆಟ್ಟಗೆ ಎದೆಗೆ ಹಿಡಿದರೆ ಗಾಳಿ ನಿಮ್ಮನ್ನು ನಿಲ್ಲಿಸಿಬಿಡುತ್ತದೆ. ಒಂದಿಷ್ಟು ಓರೆ ಮಾಡಿದರೆ ಅದೇ ಗಾಳಿ ಕೊಡೆಯನ್ನು ಎತ್ತಿ ಹಿಡಿಯುತ್ತದೆ. ಅತಿ ಬಾಗಿಸಿದಿರೋ, ಬಟ್ಟೆಯ ಮೇಲುಭಾಗವನ್ನು ಹಿಡಿದು ಕೆಳಕ್ಕೆ ಒತ್ತುತ್ತದೆ. ಸ್ಕೀಗಳ ವಿಚಾರವೂ ಇಷ್ಟೇ. ಸ್ಕೀಗಳ ಮೇಲ್ಮೈಗೆ ಗಾಳಿ ತಾಗಿತೋ, ಜಿಗಿತಗಾರ ತಲೆಕೆಳಗಾಗಿ ಪಲ್ಟಿ ಹೊಡೆದ ಎಂದೇ ಲೆಕ್ಕ. ಅದಕ್ಕಿಂತ ಒಂದು ಕೂದಲೆಳೆ ಹಿಂದೆ ಇರುವುದು ಎಲ್ಲಕ್ಕಿಂತ ದೂರ ಒಯ್ಯುವ ಕೋನ. ದೂರದ ಕೋನವೂ ಬೀಳುವ ಕೋನವೂ ಅಕ್ಕಪಕ್ಕದ ಮನೆಯವರು.

ಕೈಗೆ ಕಲಿಸಲು ಅತ್ಯಂತ ಕಷ್ಟವಾದದ್ದು ಸುಮ್ಮನಿರುವುದನ್ನು. ಗಾಳಿಯಲ್ಲಿರುವುದು ಐದಾರು ಸೆಕೆಂಡ್, ಅತಿ ದೊಡ್ಡ ಬೆಟ್ಟಗಳಲ್ಲಿ ಏಳೆಂಟು. ಅಷ್ಟು ಹೊತ್ತು ಕೈ ಏನಾದರೂ ಮಾಡಲು ತಹತಹಿಸುತ್ತದೆ. ಒಂದಿಷ್ಟು ಮುಂದಕ್ಕೆ, ಅಯ್ಯೋ ಜಾಸ್ತಿಯಾಯಿತು, ಒಂದಿಷ್ಟು ಹಿಂದಕ್ಕೆ, ಅಯ್ಯೋ ಕಡಿಮೆಯಾಯಿತು. ಪ್ರತಿ ತಿದ್ದುಪಡಿಗೂ ಒಂದು ಮೀಟರ್ ದಂಡ. ನಾನು ಕಂಡುಕೊಂಡ ಉಪಾಯವೆಂದರೆ ಮಣಿಕಟ್ಟನ್ನು ರಟ್ಟಿನ ಮೇಲೆ ಊರಿ, ಮೌಸನ್ನು ಅಂಗೈಯಿಂದ ಹಿಡಿಯದೆ ಎರಡು ಬೆರಳಿನ ತುದಿಯಲ್ಲಿ ಮಾತ್ರ ಮುಟ್ಟಿರುವುದು. ಬೆರಳ ತುದಿಗೆ ಆವೇಶ ಕಡಿಮೆ. ಚಿಮ್ಮಿದ ಕೂಡಲೇ ಒಂದೇ ಸರಿತದಲ್ಲಿ ಕೋನಕ್ಕೆ ತಂದಿಟ್ಟು, ಆಮೇಲೆ ಉಸಿರು ಬಿಡುವುದು. ಉಸಿರು ಬಿಡುವಾಗ ಕೈ ತಾನಾಗಿ ಒಂದಿಷ್ಟು ತಗ್ಗುತ್ತದೆ. ಆ ತಗ್ಗುವಿಕೆಯೇ ಹಾರಾಟದ ಕೊನೆಯಲ್ಲಿ ಬೇಕಾದಷ್ಟು. ಇದನ್ನು ನನಗೆ ಯಾರೂ ಹೇಳಿಕೊಟ್ಟದ್ದಲ್ಲ ಎಂದು ಹೇಳಿಕೊಳ್ಳಲು ಹೆಮ್ಮೆ.

ನಡುವೆ ಮನಸ್ಸು ಬದಲಿಸುವವರ ಗತಿ ಏನು ಎನ್ನುವುದಕ್ಕೆ ವಿಂಕೊ ಬೊಗಟಾಯ್ ಸಾಕ್ಷಿ. ಯುಗೊಸ್ಲಾವಿಯಾದ ಜಿಗಿತಗಾರ. 1970ರ ಮಾರ್ಚಿನಲ್ಲಿ ಜರ್ಮನಿಯ ಓಬರ್ಸ್ಟ್‌ಡಾರ್ಫಿನಲ್ಲಿ ಸ್ಪರ್ಧೆ ನಡೆಯುವಾಗ ಹಿಮ ಬೀಳುತ್ತಿತ್ತು. ಜಾರುಹಾದಿಯ ಅರ್ಧಕ್ಕೆ ಬಂದಾಗ ವೇಗ ಮಿತಿಮೀರಿದೆ ಎಂದು ಅವನಿಗೆ ಅನ್ನಿಸಿತು. ಮೈ ತಗ್ಗಿಸಿ ನಿಲ್ಲಿಸಲು ನೋಡಿದ. ಸಮತೋಲ ತಪ್ಪಿ, ಅಂಚಿನಿಂದ ಅಡ್ಡಾದಿಡ್ಡಿಯಾಗಿ ಉರುಳಿ ಹೋದ. ತಲೆಗೆ ಸಣ್ಣ ಪೆಟ್ಟು ಬಿದ್ದು ಬದುಕಿಕೊಂಡ. ಅಮೆರಿಕದ ಎಬಿಸಿ ಟಿವಿಯವರು ತಮ್ಮ ಕ್ರೀಡಾ ಕಾರ್ಯಕ್ರಮವೊಂದರ ಶುರುವಿನ ತುಣುಕಿನಲ್ಲಿ ಆ ಉರುಳುವಿಕೆಯನ್ನು ಹಾಕಿಕೊಂಡು, ಸೋಲಿನ ಸಂಕಟಕ್ಕೆ ಅದೇ ಚಿತ್ರವೆಂದು ವರ್ಷಗಟ್ಟಲೆ ವಾರವಾರ ತೋರಿಸಿದರು. ಅಮೆರಿಕದಲ್ಲಿ ಗೆದ್ದವರಿಗಿಂತ ಅವನ ಮುಖವೇ ಹೆಚ್ಚು ಪರಿಚಿತವಾಯಿತಂತೆ. ಅವನು ಊರಿನಲ್ಲಿ ತನ್ನ ಪಾಡಿಗೆ ಚಿತ್ರ ಬರೆದುಕೊಂಡಿದ್ದ. ನನಗೆ ಅವನ ಬಗ್ಗೆ ವಿಶೇಷ ಮಮತೆ. ಹಾದಿಯ ನಡುವೆ ‘ಇದು ಬೇಡವಾಗಿತ್ತು’ ಅನ್ನಿಸಿದ ಗಳಿಗೆ ಟಿವಿಯಲ್ಲಿ ವಾರವಾರ ಬಾರದಿದ್ದರೆ ಅದೇ ನಮ್ಮೆಲ್ಲರ ಭಾಗ್ಯ.

ತಂಗಿಯ ಮಗ ಇಂಜಿನಿಯರಿಂಗ್ ಓದಲು ನಮ್ಮ ಊರಿಗೆ ಬಂದ ಮೇಲೆ ನನ್ನ ಏಕಾಂತಕ್ಕೆ ಭಂಗ ಬಂತು. ಭಾನುವಾರ ಊಟಕ್ಕೆ ಬಂದವನು ಹಿಂದೆ ನಿಂತು ನೋಡಿದ, ಒಮ್ಮೆ ಕೊಡಿ ಮಾವ ಎಂದ, ಕೂತ, ಎರಡು ಸಲ ಬಿದ್ದ, ಮೂರನೆಯ ಸಲ ನನ್ನನ್ನು ದಾಟಿ ಹೋದ. ಅವನ ಆಟ ನೋಡಲಾಗದು. ಗಾಳಿಯಲ್ಲಿ ಆ ಬಡಪಾಯಿ ಮನುಷ್ಯ ಮೇಲೆ ಕೆಳಗೆ ಮೇಲೆ ಕೆಳಗೆ ತಲೆಯಾಡಿಸುತ್ತಾನೆ, ಇನ್ನೇನು ಪಲ್ಟಿ ಎನ್ನುವಾಗ ಚೇತರಿಸಿಕೊಳ್ಳುತ್ತಾನೆ. ಇದು ಚಂದವಿಲ್ಲಪ್ಪಾ, ಶಿಸ್ತಿಲ್ಲ ಎಂದರೆ, ‘ದೂರ ಹೋಯ್ತಲ್ಲ ಮಾವ’ ಎನ್ನುತ್ತಾನೆ.

ಇಂಥ ತಕರಾರು ನಿಜವಾದ ಬೆಟ್ಟದಲ್ಲೂ ಆಗಿದೆ, ಮತ್ತು ಅಲ್ಲಿ ಗೆದ್ದದ್ದು ನನ್ನ ಪಕ್ಷವಲ್ಲ. 1980ರ ದಶಕದ ನಡುಭಾಗದವರೆಗೂ ಎರಡು ಸ್ಕೀಗಳನ್ನು ಜೋಡಿಸಿ ಸಮಾನಾಂತರವಾಗಿ ಹಿಡಿದು ಹಾರುವುದೇ ಶಾಸ್ತ್ರ. ಸ್ವೀಡನ್ನಿನ ಯಾನ್ ಬೊಕ್ಲೋವ್ ಸ್ಕೀಗಳ ಮೂತಿಯನ್ನು ಎರಡು ಕಡೆಗೆ ಅಗಲಿಸಿಕೊಂಡು ಹಾರತೊಡಗಿದ. ಗಾಳಿಗೆ ತಾಗುವ ಮೈ ಹೆಚ್ಚಾಯಿತು, ದೂರವೂ ಹೆಚ್ಚಾಯಿತು. ತೀರ್ಪುಗಾರರು ಮೂಗು ಮುರಿದು ಶೈಲಿಯ ಅಂಕ ಕಡಿದರು. ಕಡಿದರೂ ಉಳಿಯುವಷ್ಟು ದೂರ ಹಾರಿ ಅವನು 1988–89ರ ವಿಶ್ವಕಪ್ ಗೆದ್ದ. 1992ರ ಆಲ್ಬರ್ಟ್‌ವಿಲ್ ಒಲಿಂಪಿಕ್ಸಿನಲ್ಲಿ ಫಿನ್ಲೆಂಡಿನ ಹದಿನಾರರ ಹುಡುಗ ಟೋನಿ ನಿಯೆಮಿನೆನ್ ಅದೇ ಅಗಲಿಸಿದ ಸ್ಕೀಗಳಲ್ಲಿ ದೊಡ್ಡ ಬೆಟ್ಟದ ಚಿನ್ನ ಹೊಡೆದ ಮೇಲೆ ವಿರೋಧ ಮಾಡುವವರೇ ಉಳಿಯಲಿಲ್ಲ. ಈಗ ಎಲ್ಲರೂ ಹಾಗೆಯೇ ಹಾರುವುದು. ನಮ್ಮ ಕಂಪ್ಯೂಟರಿನ ಮನುಷ್ಯನೂ ಕೇಳದೆಯೇ ಸ್ಕೀ ಅಗಲಿಸುತ್ತಾನೆ. ಈ ಕತೆಯನ್ನು ಅಳಿಯನಿಗೆ ಹೇಳಬಾರದೆಂದಿದ್ದೆ. ಅವನೇ ಎಲ್ಲೋ ಓದಿಕೊಂಡು ಬಂದು ನನಗೆ ಹೇಳಿದ.

ಆದರೆ ಇಳಿಯುವಾಗ ಅವನು ನನ್ನ ಕೈಗೆ ಸಿಗುತ್ತಾನೆ. ಇಳಿಯುವುದಕ್ಕೆ ಶಾಸ್ತ್ರೋಕ್ತವಾದ ಭಂಗಿ ಟೆಲಿಮಾರ್ಕ್: ಒಂದು ಕಾಲು ಮುಂದೆ, ಒಂದು ಹಿಂದೆ, ಮಂಡಿ ಮಡಿಸಿ, ಕೈ ಎರಡೂ ಅಗಲಕ್ಕೆ ಚಾಚಿ. ಎರಡು ಕಾಲನ್ನೂ ಜೋಡಿಸಿ ಧೊಪ್ಪೆಂದು ಇಳಿಯಬಹುದು. ಅದು ಸುರಕ್ಷಿತ, ಆದರೆ ತೀರ್ಪುಗಾರರು ಬಿಡುವುದಿಲ್ಲ. ತೀರ್ಪುಗಾರರು ಐವರು, ಒಬ್ಬೊಬ್ಬರ ಕೈಯಲ್ಲಿ ಇಪ್ಪತ್ತು ಅಂಕ. ಅತಿ ಹೆಚ್ಚು ಕೊಟ್ಟವನದನ್ನೂ ಅತಿ ಕಡಿಮೆ ಕೊಟ್ಟವನದನ್ನೂ ಬಿಟ್ಟು ಉಳಿದ ಮೂವರದನ್ನು ಕೂಡುತ್ತಾರೆ. ದೂರಕ್ಕೆ ಬೇರೆ ಅಂಕ. ಬೆಟ್ಟದ ಮೇಲೆ ಗುರುತು ಮಾಡಿದ ಗೆರೆ ಮುಟ್ಟಿದರೆ 60, ದೊಡ್ಡ ಬೆಟ್ಟದಲ್ಲಿ ಅಲ್ಲಿಂದ ಮುಂದಿನ ಪ್ರತಿ ಮೀಟರಿಗೆ 1.8.

ಲೆಕ್ಕಪತ್ರದವನಾದ ನನಗೆ ಇಲ್ಲಿ ಕಣ್ಣು ತೆರೆಯಿತು. ಟೆಲಿಮಾರ್ಕ್ ಒತ್ತಬೇಕಾದರೆ ನೆಲಕ್ಕೆ ಒಂದಿಷ್ಟು ಎತ್ತರದಲ್ಲಿರುವಾಗಲೇ ಒತ್ತಬೇಕು, ಒತ್ತಿದ ಕೂಡಲೇ ಹಾರಾಟ ಸಾಯುತ್ತದೆ. ತಡಮಾಡಿದರೆ ಇನ್ನೊಂದೆರಡು ಮೀಟರ್ ಸಿಗುತ್ತದೆ, ಆದರೆ ಕಾಲು ಹಿಂದುಮುಂದೆ ಮಾಡಲು ಪುರುಸೊತ್ತಿರುವುದಿಲ್ಲ. ಒಬ್ಬೊಬ್ಬ ತೀರ್ಪುಗಾರ ಎರಡೆರಡು ಅಂಕ ಕಡಿದ ಎಂದಿಟ್ಟುಕೊಳ್ಳಿ. ಲೆಕ್ಕಕ್ಕೆ ಬರುವ ಮೂವರಿಂದ ಆರು. ಆರನ್ನು 1.8ರಿಂದ ಭಾಗಿಸಿದರೆ ಮೂರು ಮೀಟರಿಗೆ ಮೇಲೆ. ಎರಡು ಮೀಟರಿನ ಆಸೆಗೆ ಮೂರು ಮೀಟರಿನ ದಂಡ! ಸ್ಕೀ ಫ್ಲೈಯಿಂಗ್ ಎನ್ನುವ ದೈತ್ಯ ಬೆಟ್ಟಗಳಲ್ಲಿ ಮೀಟರಿಗೆ ಬರೀ 1.2. ಅಲ್ಲಿ ಅದೇ ಆರು ಅಂಕಕ್ಕೆ ಐದು ಮೀಟರ್ ಬೆಲೆ. ಬೆಟ್ಟ ದೊಡ್ಡದಾದಷ್ಟೂ ಇಳಿಯುವ ಚಂದಕ್ಕೆ ಬೆಲೆ ಹೆಚ್ಚು. ಅಳಿಯ ನನಗಿಂತ ದೂರ ಹೋಗಿ ನನಗಿಂತ ಕಡಿಮೆ ಅಂಕ ತಗೊಂಡ ಮೊದಲ ಸಂಜೆ ಈ ಭಾಗಾಕಾರವನ್ನು ಅವನಿಗೆ ಕಾಗದದ ಮೇಲೆ ಮಾಡಿ ತೋರಿಸಿದೆ. ಎಂಜಿನಿಯರಿಂಗ್ ಹುಡುಗ, ಒಪ್ಪಲೇಬೇಕಾಯಿತು. ಕಾಗದ ಮಡಿಸಿ ಜೇಬಿಗಿಟ್ಟುಕೊಂಡು, ‘ಆವತ್ತು ನಿಮಗೆ ಎದುರುಗಾಳಿ ಇತ್ತು’ ಎಂದ.

ಅದೂ ನಿಜವಿರಬಹುದು. ದೊಡ್ಡವರ ಸ್ಪರ್ಧೆಗಳಲ್ಲಿ 2009–10ರ ಸುಮಾರಿಗೆ ಗಾಳಿಯ ಅನುಕೂಲ-ಅನನುಕೂಲವನ್ನು ಅಂಕದಲ್ಲಿ ಕೂಡಿ ಕಳೆಯುವ ಪದ್ಧತಿ ಬಂತು. ನನ್ನ ಹಳೆಯ ಆವೃತ್ತಿಗೆ ಆ ಕರುಣೆ ಗೊತ್ತಿಲ್ಲ. ಗಾಳಿ ಕೊಟ್ಟದ್ದು ಕೊಟ್ಟಿತು, ಕಸಿದದ್ದು ಕಸಿಯಿತು. ನನಗೆ ಇದೇ ಇಷ್ಟ.

ಊರಿನಿಂದ ಚಿಕ್ಕಪ್ಪ ಬಂದಿದ್ದರು. ಸಂಜೆಯೆಲ್ಲ ಹಿಂದೆ ಕೂತು ನೋಡಿ, ಕೊನೆಗೆ ತಡೆಯಲಾರದೆ ಕೇಳಿದರು.

‘ಇದರಿಂದ ಏನು ಬರುತ್ತೋ?’

‘ಏನೂ ಬರಲ್ಲ ಚಿಕ್ಕಪ್ಪ.’

‘ಮತ್ತೆ ಯಾಕೆ ಇಷ್ಟು ಒದ್ದಾಡ್ತೀಯ?’

‘ಇನ್ನೂ ಚೆನ್ನಾಗಿ ಬರ್ಲಿ ಅಂತ.’

ಅವರು ಕಾಫಿ ಲೋಟ ಕೆಳಗಿಟ್ಟು ನನ್ನ ಹೆಂಡತಿಯ ಮುಖ ನೋಡಿದರು. ಆದರೆ ನಾನು ಹೇಳಿದ್ದು ತಮಾಷೆಗಲ್ಲ. ಈ ವಯಸ್ಸಿನಲ್ಲಿ ನಾನು ಸುಧಾರಿಸಿಕೊಳ್ಳಬೇಕಾದದ್ದರ ಪಟ್ಟಿ ಬೇರೆಯವರ ಕೈಯಲ್ಲಿದೆ. ಡಾಕ್ಟರು ಸಕ್ಕರೆ ಸುಧಾರಿಸಿ ಎನ್ನುತ್ತಾರೆ, ಮಗಳು ನಡಿಗೆ ಸುಧಾರಿಸಿ ಎಂದು ಫೋನಿನೊಳಗೆ ಹೆಜ್ಜೆ ಎಣಿಸುವವನನ್ನು ಕೂರಿಸಿದ್ದಾಳೆ, ಆಫೀಸಿನವರು ವರ್ಷಕ್ಕೊಮ್ಮೆ ಕೌಶಲ ಸುಧಾರಣೆಯ ತರಬೇತಿಗೆ ಕಳಿಸಿ ಬಿಸ್ಕತ್ತು ಕೊಡುತ್ತಾರೆ. ಪ್ರತಿಯೊಂದಕ್ಕೂ ಕಾರಣವಿದೆ, ಗುರಿಯಿದೆ, ವರದಿಯಿದೆ. ಸ್ಕೀ ಜಿಗಿತದಲ್ಲಿ ನಾನು ಸುಧಾರಿಸಲಿ ಎಂದು ಜಗತ್ತಿನ ಒಬ್ಬ ಪ್ರಾಣಿಯೂ ಕೇಳಿಲ್ಲ. ಸುಧಾರಿಸಿದರೆ ಯಾರಿಗೂ ಲಾಭವಿಲ್ಲ, ಕೆಟ್ಟರೆ ನಷ್ಟವಿಲ್ಲ. ನನ್ನ ಊರಿನಲ್ಲಿ ಹಿಮವಿಲ್ಲ. ನಾನು ಹಿಮವನ್ನು ಫ್ರಿಜ್ಜಿನಾಚೆ ಕಂಡೂ ಇಲ್ಲ. ಈ ವಿದ್ಯೆಯನ್ನು ಎಲ್ಲಿಯೂ ಖರ್ಚು ಮಾಡಲು ಬಾರದು. ಅದಕ್ಕೇ ಇರಬೇಕು, ಮಣಿಕಟ್ಟನ್ನು ಅರ್ಧ ಅಂಗುಲ ಹಿಂದಿಟ್ಟು ನೋಡೋಣ ಎಂದು ಹೊಳೆದ ರಾತ್ರಿ ಎಷ್ಟೋ ವರ್ಷದ ಮೇಲೆ ಬೆಳಗಾಗುವುದನ್ನು ಕಾದೆ.

ಯೂಟ್ಯೂಬಿನಲ್ಲಿ ನಿಜವಾದ ಸ್ಪರ್ಧೆಗಳನ್ನು ನೋಡುವ ಚಟವೂ ಹತ್ತಿಕೊಂಡಿದೆ. 2001–02ರಲ್ಲಿ ಜರ್ಮನಿಯ ಸ್ವೆನ್ ಹಾನಾವಾಲ್ಡ್ ಓಬರ್ಸ್ಟ್‌ಡಾರ್ಫ್, ಗಾರ್ಮಿಶ್, ಇನ್ಸ್‌ಬ್ರುಕ್, ಬಿಶೋಫ್ಸ್‌ಹೋಫನ್ ಎಂಬ ನಾಲ್ಕು ಬೆಟ್ಟಗಳ ಸರಣಿಯಲ್ಲಿ ನಾಲ್ಕನ್ನೂ ಗೆದ್ದದ್ದು, ಅವನಿಗಿಂತ ಮುಂಚೆ ಯಾರಿಗೂ ಆಗದ್ದು, ನೋಡಿದಷ್ಟೂ ಸಾಲದು. ಚಿಮ್ಮಿದ ಮೇಲೆ ಅವನ ಮೈ ಎಷ್ಟು ಬೇಗ ಕೋನಕ್ಕೆ ಬಂದು ನಿಲ್ಲುತ್ತದೆ ಎಂದರೆ, ನೋಡುವಾಗ ನನ್ನ ಬಲಗೈ ತಾನಾಗಿ ಸೋಫಾದ ಮೇಲೆ ಸರಿಯುತ್ತದೆ. ಹೆಂಡತಿ ಪಕ್ಕದಲ್ಲಿ ಬಟ್ಟೆ ಮಡಿಸುತ್ತ ನೋಡಿದಳು. ಎರಡು ಚಳಿಗಾಲ ಹೀಗೆ ಕಳೆದ ಮೇಲೆ ಅವಳಿಗೆ ತೀರ್ಪುಗಾರಿಕೆ ಬಂದುಬಿಟ್ಟಿತು. ಈಗ ನಾನು ಆಡುತ್ತಿರುವಾಗ ಹಿಂದಿನಿಂದ ಹಾದು ಹೋಗುತ್ತ, ನಿಲ್ಲದೆಯೇ, ‘ಹದಿನಾರೂವರೆ’ ಎನ್ನುತ್ತಾಳೆ. ಯಾಕೆ ಎಂದರೆ, ‘ಕೊನೆಯಲ್ಲಿ ತಡವರಿಸಿದಿರಿ.’ ಕಂಪ್ಯೂಟರಿನ ಐವರು ಹದಿನೆಂಟು ಕೊಟ್ಟಿರುತ್ತಾರೆ. ಆದರೆ ಸರಿಯಾಗಿ ನೋಡಿದವಳು ಅವಳೇ ಎಂದು ನನಗೆ ಗೊತ್ತು.

ಈಚೆಗೆ ಮನೆಯಲ್ಲಿ ಎದ್ದಿರುವ ವಿವಾದ ದಾಖಲೆಯದು. ಹೊರಗಿನ ಜಗತ್ತಿನಲ್ಲೂ ಇಂಥದೊಂದು ನಡೆದಿದೆ. ಜಪಾನಿನ ರ್ಯೋಯು ಕೋಬಯಾಶಿ 2024ರ ಏಪ್ರಿಲಿನಲ್ಲಿ ಐಸ್‌ಲ್ಯಾಂಡಿನ ಆಕುರೇರಿಯಲ್ಲಿ, ಅದಕ್ಕೆಂದೇ ಹಿಮದಲ್ಲಿ ಕಟ್ಟಿದ ಬೆಟ್ಟದಿಂದ 291 ಮೀಟರ್ ಹಾರಿದ. ಅಂತಾರಾಷ್ಟ್ರೀಯ ಸ್ಕೀ ಒಕ್ಕೂಟ ಅದನ್ನು ದಾಖಲೆಯೆಂದು ಒಪ್ಪಲಿಲ್ಲ. ಅದು ಅವರ ನಿಯಮದ ಸ್ಪರ್ಧೆಯಲ್ಲಿ ಆದದ್ದಲ್ಲ. ಆದ್ದರಿಂದ 2017ರಲ್ಲಿ ಆಸ್ಟ್ರಿಯಾದ ಸ್ಟೆಫಾನ್ ಕ್ರಾಫ್ಟ್ ಹಾರಿದ 253.5 ಮೀಟರೇ ಲೆಕ್ಕಕ್ಕೆ ಉಳಿಯಿತು. 2025ರ ಮಾರ್ಚಿನಲ್ಲಿ ಸ್ಲೊವೇನಿಯಾದ ಡೊಮೆನ್ ಪ್ರೆವ್ಟ್ಸ್ ತನ್ನ ದೇಶದ ಪ್ಲಾನಿತ್ಸದಲ್ಲಿ ಅದಕ್ಕಿಂತ ಒಂದು ಮೀಟರ್ ಮುಂದೆ ಹೋಗಿ ಮುರಿದ. ಮುನ್ನೂರಕ್ಕೆ ಒಂಬತ್ತು ಮೀಟರ್ ಉಳಿಸಿ ಬಂದವನ ಹೆಸರು ದಾಖಲೆಯ ಪುಸ್ತಕದಲ್ಲಿಲ್ಲ.

ಹೋದ ತಿಂಗಳು, ಅಳಿಯ ಹಾಸ್ಟೆಲ್ಲಿನಲ್ಲಿದ್ದ ಒಂದು ರಾತ್ರಿ, ಬಾಗಿನ ಕೊನೆಯ ಗುರುತು, ಬೆರಳು, ಉಸಿರು ಎಲ್ಲ ಒಂದಕ್ಕೊಂದು ಕೂಡಿ ಬಂತು. ಅವನ ದಾಖಲೆಯ ಗೆರೆ ನನ್ನ ಮನುಷ್ಯನ ಕೆಳಗೆ ಹಾದು ಹೋದದ್ದನ್ನು ಕಣ್ಣಾರೆ ಕಂಡೆ. ಇಳಿದ, ಬೀಳಲಿಲ್ಲ. ತೀರ್ಪುಗಾರರ ಅಂಕ ಬರುವ ಮೊದಲು ಕರೆಂಟು ಹೋಯಿತು. ಯುಪಿಎಸ್‌ನ ಬ್ಯಾಟರಿ ಸತ್ತು ಎಷ್ಟೋ ದಿನವಾಗಿತ್ತು.

ಭಾನುವಾರ ಬಂದವನಿಗೆ ಹೇಳಿದೆ. ಅವನು ದಾಖಲೆಯ ಪಟ್ಟಿ ತೆರೆದು ನೋಡಿದ. ಅಲ್ಲಿ ಅವನ ಹೆಸರೇ ಇತ್ತು.

‘ಸೇವ್ ಆಗಿಲ್ಲ ಅಂದ್ಮೇಲೆ ಲೆಕ್ಕಕ್ಕಿಲ್ಲ ಮಾವ.’

‘ಕೋಬಯಾಶಿಗೂ ಹೀಗೇ ಅಂದ್ರು ಕಣೋ.’

‘ಅವರದಕ್ಕೆ ವಿಡಿಯೋ ಇದೆ. ನಿಮ್ಮದಕ್ಕೆ ಏನಿದೆ?’

‘ನಿಮ್ಮತ್ತೆ ಹಿಂದೆ ನಿಂತು ನೋಡಿದ್ದಾಳೆ. ಕೇಳು ಬೇಕಾದ್ರೆ.’

ಅವನು ಅಡುಗೆಮನೆಯ ಕಡೆಗೆ ಕೂಗಿದ. ‘ಅತ್ತೆ, ಮಾವ ಹೇಳ್ತಿರೋದು ನಿಜವಾ?’

ಒಗ್ಗರಣೆಯ ಸದ್ದಿನ ನಡುವೆ ಉತ್ತರ ಬಂತು. ‘ದೂರ ಎಷ್ಟೋ ನನಗೆ ಗೊತ್ತಿಲ್ಲಪ್ಪ. ಇಳಿದದ್ದು ಮಾತ್ರ ಎರಡೂ ಕಾಲು ಜೋಡಿಸಿಕೊಂಡೇ.’